ನೀಲಗಿರಿ ಎಂಬ ಮರ, ನೀಲಗಿರಿ ಎಂಬ ಬೆಟ್ಟ: ಅಂದು–ಇಂದಿನ ಜೋಡಿಚಿತ್ರಗಳ ಒಂದು ವಿಮರ್ಶೆ

ಬಯಲುಸೀಮೆಯ ಕನ್ನಡಿಗನೆದುರು ‘ನೀಲಗಿರಿ’ ಎಂದರೆ ಅವನ ಮನಸ್ಸಿಗೆ ಮೊದಲು ಬರುವುದು ಬೆಟ್ಟವಲ್ಲ, ಮರ. ನೀಲಗಿರಿ ತೋಪು, ನೀಲಗಿರಿ ಎಣ್ಣೆ, ಕೆರೆಯಂಗಳದಲ್ಲಿ ನೀಲಗಿರಿ ನೆಟ್ಟು ಅಂತರ್ಜಲ ಬತ್ತಿತೆಂಬ ದೂರು – ಹೀಗೆ ಆ ಹೆಸರು ಬೆಟ್ಟದಿಂದ ಇಳಿದು ಬಂದು ಮರವೊಂದಕ್ಕೆ ಅಂಟಿಕೊಂಡಿದೆ. ಆಸ್ಟ್ರೇಲಿಯಾ ಮೂಲದ ಈ ಮರ ಆ ಬೆಟ್ಟವನ್ನು ಮುಟ್ಟಿದ್ದು 1840ರ ದಶಕದಲ್ಲಿ. ಬೆಟ್ಟದ ತೊಡಕಿಲ್ಲದ ಮೊದಲ ಛಾಯಾಚಿತ್ರಗಳು ತೆಗೆಯಲ್ಪಟ್ಟಾಗ ಅದು ಬಂಗಲೆಗಳ ಸುತ್ತ, ರಸ್ತೆಯ ಅಂಚಿಗೆ ಎಳೆಯ ಸಾಲುಗಳಾಗಿ ನಿಂತಿತ್ತು. ಬೆಟ್ಟದ ಮೈಯೆಲ್ಲ ಹುಲ್ಲು, ಕಣಿವೆಯ ಮಡಿಲಲ್ಲಿ ಮಾತ್ರ ಕಪ್ಪಗೆ ಮುದುಡಿದ ಶೋಲಾ ಕಾಡು. ಇಂದು ಅದೇ ನೆಲೆಯಲ್ಲಿ ಕ್ಯಾಮೆರಾ ಹೂಡಿದರೆ ಅನೇಕ ಕಡೆ ಬೆಟ್ಟವೇ ಕಾಣದು. ಹೆಸರನ್ನು ಪಡೆದ ಮರ ಹೆಸರನ್ನು ಕೊಟ್ಟ ಬೆಟ್ಟವನ್ನು ಮರೆಮಾಡಿದೆ.

ನೀಲಗಿರಿಯ ‘ಅಂದು–ಇಂದು’ ಜೋಡಿಚಿತ್ರಗಳಿಗೆ ಈಗ ತಕ್ಕಮಟ್ಟಿನ ಪರಂಪರೆಯೇ ಇದೆ. ಉದಕಮಂಡಲ, ಕೂನೂರು, ಕೋತಗಿರಿಗಳ ಹೋಟೆಲುಗಳ ಗೋಡೆಗಳಲ್ಲಿ, ಕ್ಯಾಲೆಂಡರುಗಳಲ್ಲಿ, ಪ್ರವಾಸಿ ಕೈಪಿಡಿಗಳಲ್ಲಿ, ದಪ್ಪ ಹೊಳಪು ಕಾಗದದ ಗ್ರಂಥಗಳಲ್ಲಿ ಅವು ಕಾಣಸಿಗುತ್ತವೆ. ಎಡಗಡೆ ಕಂದುಬಣ್ಣದ ಹಳೆಯ ಚಿತ್ರ, ಬಲಗಡೆ ಬಣ್ಣದ ಹೊಸ ಚಿತ್ರ. ಆಯ್ಕೆಯೂ ಹೆಚ್ಚು ಕಡಿಮೆ ಒಂದೇ: ಸಂತ ಸ್ಟೀಫನ್ನರ ಇಗರ್ಜಿ, ಊಟಿಯ ಕೆರೆ, ಸಸ್ಯೋದ್ಯಾನ, ಸ್ಟೋನ್‌ಹೌಸ್, ನೀಲಗಿರಿ ಗ್ರಂಥಾಲಯ, ಬೆಟ್ಟದ ರೈಲು ನಿಲ್ದಾಣಗಳು. ನೋಡುವವರ ಉದ್ಗಾರವೂ ಒಂದೇ: ‘ಹಾಗೆಯೇ ಇದೆಯಲ್ಲ!’ ಬದಲಾವಣೆಯನ್ನು ತೋರಿಸಲೆಂದು ಹುಟ್ಟಿದ ಪ್ರಕಾರವೊಂದು ಬದಲಾವಣೆಯಾಗಿಲ್ಲವೆಂಬ ಸಮಾಧಾನವನ್ನು ಮಾರುವ ಪ್ರಕಾರವಾಗಿ ಮಾರ್ಪಟ್ಟಿರುವುದು ವಿಚಿತ್ರವಾದರೂ ನಿಜ. ಇದರ ಕಾರಣ ಹುಡುಕಲು ದೂರ ಹೋಗಬೇಕಾಗಿಲ್ಲ. ಉಳಿದುಕೊಂಡ ಕಟ್ಟಡವನ್ನೇ ಹೆಗ್ಗುರುತೆಂದು ಆರಿಸಿಕೊಂಡವನಿಗೆ ಉಳಿವಿನ ಹೊರತು ಬೇರೇನು ಕಾಣಲು ಸಾಧ್ಯ?

ಒಂದೇ ನೆಲೆಯಿಂದ ಮರಳಿ ಚಿತ್ರ ತೆಗೆಯುವುದು ಕೇವಲ ಹವ್ಯಾಸವಲ್ಲ, ಅದೊಂದು ಶಿಸ್ತು. ಅಮೆರಿಕದಲ್ಲಿ ಮಾರ್ಕ್ ಕ್ಲೆಟ್ ಮತ್ತು ಸಂಗಡಿಗರು 1977ರಿಂದ 1979ರ ವರೆಗೆ ಪಶ್ಚಿಮದ ರಾಜ್ಯಗಳಲ್ಲಿ ಹತ್ತೊಂಬತ್ತನೆಯ ಶತಮಾನದ ಸರ್ವೇಕ್ಷಣ ಛಾಯಾಗ್ರಾಹಕರ ನೆಲೆಗಳನ್ನು ಹುಡುಕಿ, ಅದೇ ಋತು, ಅದೇ ಹೊತ್ತಿನ ಬೆಳಕಿಗೆ ಕಾದು ಚಿತ್ರಗಳನ್ನು ಪುನರಾವರ್ತಿಸಿದರು. ಹತ್ತಿರದ ಬಂಡೆ ಮತ್ತು ದೂರದ ಶಿಖರಗಳ ಪರಸ್ಪರ ಸ್ಥಾನವನ್ನು ಅಳೆದು ಕ್ಯಾಮೆರಾದ ಮೂಲ ನೆಲೆಯನ್ನು ಅಂಗುಲಗಳ ಲೆಕ್ಕದಲ್ಲಿ ಗುರುತಿಸುವುದು ಅವರ ವಿಧಾನವಾಗಿತ್ತು. ಕನ್ನಡದ ಓದುಗರಿಗೆ ಇದಕ್ಕಿಂತ ಪರಿಚಿತವಾದ ಉದಾಹರಣೆ ಹಂಪಿಯದು. ಮದ್ರಾಸು ಸೈನ್ಯದ ಅಧಿಕಾರಿ ಅಲೆಕ್ಸಾಂಡರ್ ಗ್ರೀನ್‌ಲಾ 1856ರಲ್ಲಿ ಮೇಣದ ಕಾಗದದ ನೆಗೆಟಿವ್‌ಗಳ ಮೇಲೆ ತೆಗೆದ ದೃಶ್ಯಗಳು ಬಹುಕಾಲ ಮರೆಯಾಗಿದ್ದು, 1980ರ ಸುಮಾರಿಗೆ ಬೆಳಕಿಗೆ ಬಂದಾಗ ಆಸ್ಟ್ರೇಲಿಯಾದ ಛಾಯಾಗ್ರಾಹಕ ಜಾನ್ ಗೋಲಿಂಗ್ಸ್ ಅವೇ ನೆಲೆಗಳಲ್ಲಿ ನಿಂತು ಮರುಚಿತ್ರಣ ಮಾಡಿದರು. ಆ ಜೋಡಿಗಳಲ್ಲಿ ಅತ್ಯಂತ ಬೋಧಪ್ರದವಾದದ್ದು ವಿಠ್ಠಲ ದೇವಾಲಯದ ಕಲ್ಲಿನ ರಥ. ಗ್ರೀನ್‌ಲಾ ಚಿತ್ರದಲ್ಲಿ ರಥದ ನೆತ್ತಿಯ ಮೇಲೆ ಇಟ್ಟಿಗೆಯ ಶಿಖರವಿದೆ, ಇಂದು ಅದಿಲ್ಲ. ಐವತ್ತು ರೂಪಾಯಿಯ ನೋಟಿನ ಮೇಲೆ ಅಚ್ಚಾಗಿರುವುದು, ದೇಶಕ್ಕೆ ದೇಶವೇ ಹಂಪಿಯ ಪರಿಪೂರ್ಣ ಲಾಂಛನವೆಂದು ತಿಳಿದಿರುವುದು, ತಲೆ ಕಳೆದುಕೊಂಡ ರಥ. ಒಂದು ಜೋಡಿಚಿತ್ರ ಇಷ್ಟನ್ನು ಮಾಡಬಲ್ಲುದಾದರೆ ಆ ಪ್ರಕಾರಕ್ಕೆ ವಿಮರ್ಶೆಯ ಶಕ್ತಿ ಇದೆ ಎಂದೇ ಒಪ್ಪಬೇಕು. ನೀಲಗಿರಿಯಲ್ಲಿ ಆ ಶಕ್ತಿ ಏಕೆ ಕುಂದಿದೆ ಎಂಬುದೇ ಇಲ್ಲಿನ ಪ್ರಶ್ನೆ.

ಸಂತ ಸ್ಟೀಫನ್ನರ ಇಗರ್ಜಿಯಿಂದಲೇ ತೊಡಗಬಹುದು. 1829ರಲ್ಲಿ ಅಡಿಗಲ್ಲು, 1830ರಲ್ಲಿ ಪ್ರತಿಷ್ಠೆ, ಮರುವರ್ಷದ ಈಸ್ಟರ್ ಹಬ್ಬಕ್ಕೆ ಸಾರ್ವಜನಿಕ ಪ್ರವೇಶ. ಕೆನೆಬಣ್ಣದ ಗೋಡೆ, ಚೌಕಾಕಾರದ ಗೋಪುರ, ಹಿಂದೆ ಇಳಿಜಾರಿನ ಗೋರಿದೋಟ – ಹಳೆಯ ಚಿತ್ರಕ್ಕೂ ಹೊಸದಕ್ಕೂ ಕಟ್ಟಡದ ಮಟ್ಟಿಗೆ ಅಂತರ ಅತ್ಯಲ್ಪ. ಜೋಡಿಚಿತ್ರಕಾರನ ಕಣ್ಣು ಅಲ್ಲಿಗೆ ತೃಪ್ತವಾಗುತ್ತದೆ. ಆದರೆ ಈ ಕಟ್ಟಡದ ದೊಡ್ಡ ಚರಿತ್ರೆ ಹೊರಗಿನ ಚಿತ್ರಕ್ಕೆ ಸಿಗುವಂಥದಲ್ಲ. ಅದರ ತೊಲೆಗಳು ಶ್ರೀರಂಗಪಟ್ಟಣದಲ್ಲಿ ಟಿಪ್ಪುವಿನ ಲಾಲ್ ಮಹಲನ್ನು ಕೆಡವಿ ತಂದ ಮರದವು. ಒಂದು ಹೆಗ್ಗುರುತಿನ ಒಡಲಲ್ಲಿ, ಇಲ್ಲವಾದ ಇನ್ನೊಂದು ಹೆಗ್ಗುರುತು ಛಾವಣಿ ಹೊತ್ತು ನಿಂತಿದೆ. ಮೈಸೂರಿನ ಅರಮನೆಗೆ ‘ಇಂದು’ ಎಂಬ ಚಿತ್ರವೇನಾದರೂ ತೆಗೆಯಬೇಕಿದ್ದರೆ ಕ್ಯಾಮೆರಾವನ್ನು ಊಟಿಯ ಇಗರ್ಜಿಯೊಳಗೆ ಮೇಲ್ಮುಖವಾಗಿ ಹಿಡಿಯಬೇಕಾದೀತು. ಇಂಥ ಜೋಡಿಯನ್ನು ಯಾರೂ ಮಾಡುವುದಿಲ್ಲ. ಏಕೆಂದರೆ ಒಂದೇ ನೆಲೆ, ಒಂದೇ ಕೋನ ಎಂಬ ನಿಯಮ ಅದಕ್ಕೆ ಅಡ್ಡಬರುತ್ತದೆ. ನಿಯಮಕ್ಕೆ ನಿಷ್ಠವಾಗಿರುವುದೂ ಕೆಲವೊಮ್ಮೆ ಕುರುಡು.

ಕೆರೆಯ ವಿಷಯದಲ್ಲಿ ಜೋಡಿಚಿತ್ರಗಳು ಸ್ವಲ್ಪ ಹೆಚ್ಚು ಪ್ರಾಮಾಣಿಕವಾಗಿವೆ. 1820ರ ದಶಕದಲ್ಲಿ ಕಲೆಕ್ಟರ್ ಜಾನ್ ಸಲಿವನ್ ಕಟ್ಟಿಸಿದ ಈ ಕೆರೆ ಈಗಿನದಕ್ಕಿಂತ ಬಹಳ ಉದ್ದವಾಗಿ ಚಾಚಿಕೊಂಡಿತ್ತು. ಅದರ ಮೇಲ್ಭಾಗವನ್ನು ಬತ್ತಿಸಿ ಪಡೆದ ನೆಲದಲ್ಲಿ ಕುದುರೆಪಂದ್ಯದ ಮೈದಾನ ಬಂತು, ಮುಂದೆ ಬಸ್ ನಿಲ್ದಾಣ ಬಂತು. ಈಚೆಗೆ ಪಂದ್ಯದ ಮೈದಾನವನ್ನೂ ಸರಕಾರ ಮರಳಿ ವಶಕ್ಕೆ ಪಡೆದಿದೆ. ನೀರಾಗಿದ್ದುದು ಮೈದಾನವಾಗಿ, ಮೈದಾನ ಮತ್ತೇನೋ ಆಗುವ ಈ ಸರಣಿಗೆ ಎರಡು ಚಿತ್ರ ಸಾಲವು, ನಾಲ್ಕೈದಾದರೂ ಬೇಕು. ‘ಅಂದು’ ಮತ್ತು ‘ಇಂದು’ ಎಂಬ ಎರಡೇ ಕಾಲಗಳಿವೆಯೆಂದು ನಂಬಿದ ಪ್ರಕಾರಕ್ಕೆ ನಡುವಿನ ಕಾಲವೆಂಬುದು ಇಲ್ಲ. ಹಂಪಿಯ ಮರುಚಿತ್ರಣಕ್ಕೂ ಇದೇ ಗತಿಯಾಗಿದೆ: ಗೋಲಿಂಗ್ಸ್ ತೆಗೆದ ‘ಇಂದು’ ಈಗ ನಾಲ್ಕು ದಶಕ ಹಳೆಯದು, 2011ರಲ್ಲಿ ವಿರೂಪಾಕ್ಷ ಬಜಾರಿನ ನಿವಾಸಿಗಳನ್ನು ಎಬ್ಬಿಸಿದ ಮೇಲೆ ಆ ಬೀದಿಯ ಮಟ್ಟಿಗೆ ಅದೂ ಒಂದು ‘ಅಂದು’ ಆಗಿಬಿಟ್ಟಿದೆ.

ಇಷ್ಟಾದರೂ ಇವು ಕಟ್ಟಡ, ಕೆರೆಗಳ ಮಾತು. ನೀಲಗಿರಿಯ ಹಳೆಯ ಚಿತ್ರಗಳನ್ನು ಕಟ್ಟಡ ಬಿಟ್ಟು ನೋಡಲು ಕಲಿತರೆ ಕಾಣುವುದು ಹಿನ್ನೆಲೆ. ಸಾಮ್ಯುವೆಲ್ ಬೋರ್ನ್ ಊಟಿಗೆ ಬಂದು ತೆಗೆದ ದೃಶ್ಯಗಳಲ್ಲಾಗಲಿ, ಊಟಿಯಲ್ಲೇ ಅಂಗಡಿಯಿಟ್ಟು ದಶಕಗಳ ಕಾಲ ದುಡಿದ ಎ. ಟಿ. ಡಬ್ಲ್ಯೂ. ಪೆನ್ನನ ಚಿತ್ರಗಳಲ್ಲಾಗಲಿ, ಕಣ್ಣಿಗೆ ಹೊಡೆಯುವುದು ಬೆಟ್ಟದ ಬೋಳು ಗೆರೆ. ಅದು ಬರಡಲ್ಲ, ಹುಲ್ಲು. ವಸಾಹತು ಕಾಲದ ಅರಣ್ಯಾಧಿಕಾರಿಗೆ ಅದು ಬರಡಾಗಿಯೇ ತೋರಿತು. ಮರವಿಲ್ಲದ ನೆಲ ವ್ಯರ್ಥ ನೆಲ. ಸೌದೆಗೆ, ಚರ್ಮ ಹದಮಾಡುವ ತೊಗಟೆಗೆ, ಸ್ವಾತಂತ್ರ್ಯದ ನಂತರ ಕೃತಕ ರೇಷ್ಮೆಯ ಕಾರ್ಖಾನೆಗಳ ತಿರುಳಿಗೆ ಎಂದು ನೀಲಗಿರಿ ಮರವನ್ನೂ ವಾಟಲ್ ಮರವನ್ನೂ ಹುಲ್ಲುಗಾವಲಿನ ಮೇಲೆ ನೆಡುತ್ತ ಹೋದರು. ಚಹಾ ತೋಟಗಳು ಬಂದವು. ಪೈಕಾರ, ಕುಂದಾ ವಿದ್ಯುತ್ ಯೋಜನೆಗಳ ಜಲಾಶಯಗಳು ಕಣಿವೆಗಳನ್ನು ತುಂಬಿದವು. ಇಂದು ಪ್ರವಾಸಿಯ ಕಣ್ಣಿಗೆ ‘ದಟ್ಟ ಹಸುರು’ ಎಂದು ಕಾಣುವುದರಲ್ಲಿ ಬಹುಪಾಲು ನೆಟ್ಟದ್ದು. ಹಳೆಯ ಚಿತ್ರವನ್ನು ಪಕ್ಕದಲ್ಲಿಟ್ಟಾಗ ಅವನಿಗೆ ಅನ್ನಿಸುವುದೇನು? ಪಾಪ, ಆಗ ಎಷ್ಟು ಬೋಳಾಗಿತ್ತು, ಈಗ ಎಷ್ಟು ಸೊಂಪಾಗಿದೆ! ಜೋಡಿಚಿತ್ರ ನಷ್ಟವನ್ನು ಲಾಭವಾಗಿ ಓದಿಸಬಲ್ಲುದು ಎಂಬುದಕ್ಕೆ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ಬೇಡ.

ಈಚಿನ ವರ್ಷಗಳಲ್ಲಿ ಓದು ತಿರುವು ಪಡೆದಿದೆ. ಎತ್ತರದ ಹುಲ್ಲುಗಾವಲು ನೀರಿನ ಮೂಲ, ಅದು ಸ್ವತಂತ್ರವಾದ ಜೀವಲೋಕ ಎಂಬ ಅರಿವು ಬಂದಿದೆ. ಹೊರಗಿನಿಂದ ಬಂದು ಹಬ್ಬಿದ ಮರಗಳನ್ನು ತೆಗೆಯಬೇಕೆಂದು ಮದ್ರಾಸು ಉಚ್ಚ ನ್ಯಾಯಾಲಯ ನಿರ್ದೇಶಿಸಿದೆ. ತಮಿಳುನಾಡು ಸರಕಾರ 2022ರಲ್ಲಿ ಆಕ್ರಮಣಕಾರಿ ಸಸ್ಯಗಳ ಬಗ್ಗೆ ನೀತಿಯನ್ನೇ ಪ್ರಕಟಿಸಿದೆ. ಹುಲ್ಲುಗಾವಲನ್ನು ಮರಳಿ ತರುವುದಾದರೆ ಎಲ್ಲಿ ತರಬೇಕು? ಅದು ಎಲ್ಲಿತ್ತೆಂದು ತಿಳಿದ ಕಡೆ. ಎಲ್ಲಿತ್ತೆಂದು ತಿಳಿಯುವುದು ಹೇಗೆ? ಉಪಗ್ರಹದ ಚಿತ್ರಗಳು 1960ರ ದಶಕಕ್ಕಿಂತ ಹಿಂದೆ ಹೋಗಲಾರವು. ಅಲ್ಲಿಂದಾಚೆ ನಕ್ಷೆ, ಕಂದಾಯದ ದಾಖಲೆ, ಮತ್ತು ಛಾಯಾಚಿತ್ರ. ಹೋಟೆಲಿನ ಗೋಡೆಯ ಅಲಂಕಾರವಾಗಿದ್ದ ಚಿತ್ರ ಹೀಗೆ ಸಾಕ್ಷಿಯ ಕಟಕಟೆಗೆ ಬಂದು ನಿಲ್ಲುತ್ತದೆ. ಜೋಡಿಚಿತ್ರದ ವಿಮರ್ಶೆ ಬರಿಯ ಅಭಿರುಚಿಯ ಪ್ರಶ್ನೆಯಾಗಿ ಉಳಿಯದಿರುವುದು ಇಲ್ಲಿ.

ಸಾಕ್ಷಿ ಎಂದ ಮೇಲೆ ಪಾಟೀಸವಾಲು ಬೇಕು. ಆ ಕಾಲದ ಒದ್ದೆ ಕೊಲೋಡಿಯನ್ ಫಲಕ ನೀಲಿ ಬೆಳಕಿಗೆ ಮಾತ್ರ ಚುರುಕು. ಹಸಿರು, ಹಳದಿ, ಕೆಂಪುಗಳಿಗೆ ಮಂದ. ಆದುದರಿಂದಲೇ ಆ ಚಿತ್ರಗಳ ಆಕಾಶ ಮೋಡವಿಲ್ಲದೆ ಬೆಳ್ಳಗೆ, ಕಾಡು ಇದ್ದುದಕ್ಕಿಂತ ಕಪ್ಪಗೆ. ಒಣಗಿದ ಹುಲ್ಲಿನ ಹಳದಿ, ಕೊಯ್ಲಿಗೆ ಬಂದ ಸಾಮೆಯ ಹಳದಿ, ಕೊಯ್ದ ಹೊಲದ ಕೂಳೆ – ಮೂರೂ ಹೆಚ್ಚುಕಡಿಮೆ ಒಂದೇ ಬೂದುಬಣ್ಣಕ್ಕೆ ಇಳಿಯುತ್ತವೆ. ಹೊಲಕ್ಕೆ ಬದು ಇದ್ದರೆ ಗೆರೆ ಕಾಣುತ್ತದೆ. ಬದುವಿಲ್ಲದಿದ್ದರೆ? ಇಂದು ಕೇತಿ ಕಣಿವೆಯಲ್ಲಿ ಕಾಣುವ ಕ್ಯಾರೆಟ್, ಆಲೂಗೆಡ್ಡೆಗಳ ಮೆಟ್ಟಿಲು ಹೊಲಗಳು ಬಹುಮಟ್ಟಿಗೆ ನಂತರದ ಕಾಲದವು. ಹತ್ತೊಂಬತ್ತನೆಯ ಶತಮಾನದ ಬಡಗ ರೈತ ರಾಗಿ, ಸಾಮೆ, ಕೊರಲೆ, ಬಾರ್ಲಿಗಳನ್ನು ಇಳಿಜಾರಿನ ನೆಲದಲ್ಲಿ ಬಿತ್ತಿ, ಕೆಲವು ಬೆಳೆ ತೆಗೆದು, ಆ ನೆಲವನ್ನು ವರ್ಷಗಳ ಕಾಲ ಬೀಳುಬಿಟ್ಟು ಪಕ್ಕದ ನೆಲಕ್ಕೆ ಸರಿಯುತ್ತಿದ್ದ. ಬೀಳುಬಿಟ್ಟ ಹೊಲದಲ್ಲಿ ಬೆಳೆಯುವುದು ಹುಲ್ಲೇ. ಕಂದಾಯದ ಭಾಷೆಯಲ್ಲಿ ‘ಭುರ್ತಿ’ ಎನಿಸಿಕೊಂಡಿದ್ದ ಈ ಪದ್ಧತಿಯಲ್ಲಿ ರೈತನಿಗೆ ಉತ್ತ ನೆಲಕ್ಕಿಂತ ಎಷ್ಟೋ ಪಾಲು ಹೆಚ್ಚಿನ ಬೀಳುನೆಲದ ಮೇಲೆ ಹಕ್ಕು ಇರುತ್ತಿತ್ತು. ಸರಕಾರ ಅದನ್ನು 1860ರ ದಶಕದಲ್ಲಿ ಕೊನೆಗಾಣಿಸಿತು. ಊಟಿಗೆ ದೊಡ್ಡ ಕ್ಯಾಮೆರಾಗಳು ಬಂದದ್ದೂ ಅದೇ ದಶಕದಲ್ಲಿ.

ಈ ಎರಡು ಸಂಗತಿಗಳನ್ನು ಒಟ್ಟಿಗಿಟ್ಟರೆ ಹಳೆಯ ಚಿತ್ರದ ‘ಖಾಲಿ ಬೆಟ್ಟ’ ಬೇರೆಯಾಗಿ ಕಾಣತೊಡಗುತ್ತದೆ. ಅಲ್ಲಿನ ಹುಲ್ಲು ನಿಸರ್ಗದ ಹುಲ್ಲಾಗಿರಬಹುದು, ತೋಡರ ಎಮ್ಮೆಗಳ ಗೋಮಾಳವಾಗಿರಬಹುದು, ಬಡಗರ ಬೀಳುಹೊಲವಾಗಿರಬಹುದು, ಹಕ್ಕು ಕಳೆದುಕೊಂಡು ಮರಳಿ ಉಳದೆ ಬಿಟ್ಟ ಹೊಲವೂ ಆಗಿರಬಹುದು. ಫಲಕಕ್ಕೆ ಈ ಭೇದ ತಿಳಿಯದು. ಅದನ್ನೆಲ್ಲ ಬಡಗರ ಹೊಲವೆಂದು ಸಾಧಿಸಹೊರಟರೆ ತೋಡರಿಗೆ ಅನ್ಯಾಯ. ಬಡಗರೇ ತೋಡರಿಗೆ ಧಾನ್ಯದ ಕಾಣಿಕೆ ಸಲ್ಲಿಸುತ್ತಿದ್ದರೆಂಬುದನ್ನು ಇಲ್ಲಿ ಮರೆಯುವಂತಿಲ್ಲ. ಅದನ್ನೆಲ್ಲ ಮನುಷ್ಯರು ಕಾಲಿಡದ ಹುಲ್ಲುಗಾವಲೆಂದರೆ ಇಬ್ಬರಿಗೂ ಅನ್ಯಾಯ. ಅಂದು ‘ವ್ಯರ್ಥ ನೆಲ’ ಎಂಬ ಹೆಸರಿನಲ್ಲಿ ಮರ ನೆಡಲು ಹೇಗೆ ಚಿತ್ರದ ಖಾಲಿತನ ನೆರವಾಯಿತೋ, ಇಂದು ‘ಮೂಲ ಹುಲ್ಲುಗಾವಲು’ ಎಂಬ ಹೆಸರಿನಲ್ಲಿ ಮರ ಕೀಳಲು ಅದೇ ಖಾಲಿತನ ನೆರವಾಗುವ ಸಂಭವವಿದೆ. ಮರ ಕೀಳುವುದು ಬಹುಶಃ ಸರಿಯೇ. ಆದರೆ ಖಾಲಿತನವನ್ನು ಎರಡನೆಯ ಬಾರಿ ನಂಬುವುದು ಸರಿಯಲ್ಲ.

ಹಾಗಾದರೆ ಬಡಗರ ಊರುಗಳು ಹಳೆಯ ಚಿತ್ರಗಳಲ್ಲಿ ಇಲ್ಲವೆ? ಇವೆ, ಆದರೆ ಊರುಗಳಾಗಿ ಅಲ್ಲ. ಜಿಲ್ಲೆಯ ಮೊದಲ ಕಮಿಷನರ್ ಬ್ರೀಕ್ಸ್ ಸಿದ್ಧಪಡಿಸಿ, ಅವನು ತೀರಿಕೊಂಡ ಮೇಲೆ 1873ರಲ್ಲಿ ಪ್ರಕಟವಾದ ಗ್ರಂಥ ನೀಲಗಿರಿಯ ‘ಆದಿಮ’ ಜನಗಳನ್ನೂ ಸ್ಮಾರಕಗಳನ್ನೂ ಛಾಯಾಚಿತ್ರಗಳ ಸಮೇತ ವಿವರಿಸುತ್ತದೆ. ಅದರ ಅಧ್ಯಾಯಗಳು ತೋಡ, ಕೋತ, ಕುರುಂಬ, ಇರುಳರಿಗೆ ಮೀಸಲು. ಸಂಖ್ಯೆಯಲ್ಲಿ ಅವರೆಲ್ಲರನ್ನೂ ಮೀರಿಸಿದ ಬಡಗರು ಆದಿಮರೆಂಬ ವರ್ಗಕ್ಕೆ ಸೇರದ್ದರಿಂದ ಹೊರಗುಳಿದರು. ಬಡಗರು ವಿಜಯನಗರದ ಪತನದ ನಂತರ ಮೈಸೂರು ಸೀಮೆಯಿಂದ ಬೆಟ್ಟ ಹತ್ತಿದವರು ಎಂಬ ನಿರೂಪಣೆ ಆಗಲೇ ರೂಢವಾಗಿತ್ತು. ಪಾಲ್ ಹಾಕಿಂಗ್ಸ್ 1980ರಲ್ಲಿ ಪ್ರಕಟಿಸಿದ ಸಾಮಾಜಿಕ ಚರಿತ್ರೆ ತನ್ನ ಶೀರ್ಷಿಕೆಯಲ್ಲೇ ಅವರನ್ನು ನಿರಾಶ್ರಿತರೆಂದು ಕರೆಯಿತು. ಸಮುದಾಯದ ವಿದ್ವಾಂಸರಲ್ಲಿ ಹಲವರು ಇದನ್ನು ಒಪ್ಪುವುದಿಲ್ಲ. ಬಡಗ ಕನ್ನಡದ ಉಪಭಾಷೆಯೋ ಸ್ವತಂತ್ರ ಭಾಷೆಯೋ ಎಂಬ ವಾದವೂ ಇದಕ್ಕೆ ಹೆಣೆದುಕೊಂಡಿದೆ. ಕನ್ನಡ ವಿದ್ವತ್ತು ಅದನ್ನು ತನ್ನದೆಂದು ಎಳೆದುಕೊಳ್ಳುವ ಅವಸರದಲ್ಲಿ ಬಡಗರ ಮಾತನ್ನು ಕೇಳಿಸಿಕೊಂಡದ್ದು ಕಡಿಮೆಯೇ. ಇಲ್ಲಿ ಆ ವಾದವನ್ನು ತೀರಿಸಬೇಕಾಗಿಲ್ಲ. ಅದು ಕ್ಯಾಮೆರಾದ ದಿಕ್ಕನ್ನು ನಿರ್ಧರಿಸಿತು ಎಂಬುದಷ್ಟೇ ಮುಖ್ಯ. ಆದಿಮರಲ್ಲದವರು ಜನಾಂಗಶಾಸ್ತ್ರದ ಚೌಕಟ್ಟಿಗೆ ಬೇಡವಾದರು, ಯುರೋಪಿಯನ್ನರಲ್ಲದವರು ಸುಂದರ ದೃಶ್ಯದ ಚೌಕಟ್ಟಿಗೆ ಬೇಡವಾದರು.

ಸ್ಟುಡಿಯೋಗಳು ಮಾರಿದ ಚಿತ್ರಗಳಲ್ಲಿ ಬಡಗ ಗಂಡಸು, ಬಡಗ ಹೆಂಗಸು, ಬಡಗರ ಹಳ್ಳಿ ಎಂಬ ಅಡಿಬರಹಗಳು ಸಿಗುತ್ತವೆ. ಯಾವ ಹಳ್ಳಿ? ಉದ್ದನೆಯ ಸಾಲುಮನೆಗಳು, ಮುಂದೆ ಚೊಕ್ಕಟವಾದ ಅಂಗಳ, ಆಚೆ ಎಮ್ಮೆಯ ದೊಡ್ಡಿ – ಎಲ್ಲ ಇವೆ, ಹೆಸರಿಲ್ಲ. ಇಗರ್ಜಿಗೆ ಹೆಸರಿದೆ, ಬಂಗಲೆಗೆ ಹೆಸರಿದೆ, ಬಂಗಲೆಯ ಯಜಮಾನನಿಗೂ ಹೆಸರಿದೆ. ಹಟ್ಟಿ ಮಾತ್ರ ಮಾದರಿ. ಹೆಸರಿಲ್ಲದ ಊರಿಗೆ ಮರಳಿ ಹೋಗಿ ನಿಲ್ಲುವುದು ಹೇಗೆ? ಮರುಚಿತ್ರಣಕ್ಕೆ ಬೇಕಾದ ಮೊದಲ ಸಾಮಗ್ರಿ ಕ್ಯಾಮೆರಾ ಅಲ್ಲ, ಸ್ಥಳನಾಮ. ಅದಿಲ್ಲದ್ದರಿಂದಲೇ ನೀಲಗಿರಿಯ ಜೋಡಿಚಿತ್ರ ಸಂಗ್ರಹಗಳಲ್ಲಿ ಬಡಗರ ಹಟ್ಟಿ ಅಪರೂಪ. ಸಂಪಾದಕರ ಪಕ್ಷಪಾತಕ್ಕಿಂತ ಅಡಿಬರಹದ ಮೌನವೇ ಇದಕ್ಕೆ ಹೆಚ್ಚಿನ ಕಾರಣ. ಪೆನ್ನನ ವಂಶಜ ಕ್ರಿಸ್ಟೋಫರ್ ಪೆನ್ ಹಳೆಯ ಸ್ಟುಡಿಯೋಗಳ ಬಗ್ಗೆ ವರ್ಷಗಟ್ಟಲೆ ದುಡಿದು ಪ್ರಕಟಿಸಿದ ಗ್ರಂಥಗಳು ಛಾಯಾಗ್ರಾಹಕರ ಜೀವನ, ವ್ಯವಹಾರಗಳನ್ನು ಅಡಿಯಿಂದ ಮುಡಿಯವರೆಗೆ ಬೆಳಗಿಸುತ್ತವೆ. ಆ ಶ್ರಮಕ್ಕೆ ಎಣೆಯಿಲ್ಲ. ಚಿತ್ರ ತೆಗೆದವನ ಬಗ್ಗೆ ನಡೆದಷ್ಟು ಶೋಧ ಚಿತ್ರದೊಳಗೆ ನಿಂತವರ ಬಗ್ಗೆ, ಅವರ ಹಿಂದಿನ ಮನೆಯ ಬಗ್ಗೆ ನಡೆಯಬೇಕಿದ್ದರೆ ಅದನ್ನು ನಡೆಸಬೇಕಾದವರು ಆ ಮನೆಗಳ ಭಾಷೆ ಬಲ್ಲವರು.

ಒಂದು ಅಪವಾದವನ್ನು ಗೌರವದಿಂದ ಎಣಿಸಬೇಕು. ಬಾಸೆಲ್ ಮಿಷನ್ 1840ರ ದಶಕದಲ್ಲಿ ಕೇತಿಯಲ್ಲಿ ನೆಲೆಯೂರಿತು. ಮಂಗಳೂರು, ಧಾರವಾಡಗಳಲ್ಲಿ ಕನ್ನಡ ಕಲಿತ ಸಂಸ್ಥೆಯದು; ಬಡಗರ ನಡುವೆಯೂ ಅದು ಕನ್ನಡದ ದಾರಿಯಲ್ಲೇ ಬಂತು. 1890ರಲ್ಲಿ ಲೂಕನ ಸುವಾರ್ತೆ ಬಡಗ ಭಾಷೆಯಲ್ಲಿ, ಕನ್ನಡ ಲಿಪಿಯಲ್ಲಿ ಮಂಗಳೂರಿನಿಂದ ಅಚ್ಚಾಗಿ ಬಂದದ್ದು ಆ ದಾರಿಯ ಫಲ. ಈ ಮಿಷನ್ನಿನವರು ತೆಗೆದ, ತೆಗೆಸಿದ ಚಿತ್ರಗಳು ಬಾಸೆಲ್‌ನ ದಾಖಲೆಸಂಗ್ರಹದಲ್ಲಿ ಪಟ್ಟಿಗೊಂಡು ಈಗ ಯಾರು ಬೇಕಾದರೂ ನೋಡುವಂತಾಗಿವೆ. ಅವರ ಆಸಕ್ತಿ ಆತ್ಮಗಳ ಮೇಲಿತ್ತು, ಭೂದೃಶ್ಯದ ಮೇಲಲ್ಲ. ಆದರೆ ಆತ್ಮಗಳ ಲೆಕ್ಕವಿಡುವವನಿಗೆ ಊರಿನ ಹೆಸರು ಬೇಕೇ ಬೇಕು. ಸೌಂದರ್ಯದ ದೃಷ್ಟಿಯಿಂದ ಬೋರ್ನ್‌ನ ಮುಂದೆ ನಿಲ್ಲಲಾರದ ಮಿಷನ್ ಚಿತ್ರ ಸ್ಥಳದ ಸಾಕ್ಷಿಯಾಗಿ ಅವನನ್ನು ಹಿಂದೆ ಹಾಕುವುದು ಇದೇ ಕಾರಣಕ್ಕೆ. ಕೇತಿಯಿಂದ ಶುರುಮಾಡಿದರೆ ಬಡಗರ ಊರುಗಳ ಮರುಚಿತ್ರಣಕ್ಕೆ ಒಂದು ಗಟ್ಟಿ ನೆಲೆಯಾದರೂ ಸಿಗುತ್ತದೆ.

ಅಡಿಬರಹಗಳ ಓದಿನಲ್ಲಿ ಎರಡು ಭಾಷೆ ಬಲ್ಲ ವಿದ್ವಾಂಸರಿಗೆ ವಿಶೇಷ ಕೆಲಸವಿದೆ. ಊರಿಗೆ ಬಡಗರು ಹೇಳುವುದು ‘ಹಟ್ಟಿ’. ಚಿತ್ರದುರ್ಗದ ಗೊಲ್ಲರಹಟ್ಟಿ ಬಲ್ಲ ಕನ್ನಡಿಗನಿಗೆ ಅದನ್ನು ಬಿಡಿಸಿ ಹೇಳಬೇಕಾಗಿಲ್ಲ. ಅದೇ ಹಟ್ಟಿ ತಮಿಳು ಬರಹದಲ್ಲಿ ಹಕಾರ ಕಳೆದುಕೊಂಡು ‘ಅಟ್ಟಿ’ ಆಗುತ್ತದೆ. ಇಂಗ್ಲಿಷಿನಲ್ಲಿ ಬರೆದವರ ಕಿವಿಗೆ ತೋಚಿದಂತೆ ಹತ್ತು ರೂಪ ತಾಳುತ್ತದೆ. ಹಳೆಯ ಅಡಿಬರಹದ ಒಂದು ಊರು ಇಂದಿನ ಫಲಕದ ಮೇಲೆ ಗುರುತು ಸಿಗದಿರುವುದು ಅನೇಕ ವೇಳೆ ಊರು ಇಲ್ಲವಾದ್ದರಿಂದಲ್ಲ, ಹಕಾರ ಬಿದ್ದುಹೋದದ್ದರಿಂದ. ಸಲಿವನ್ನನ ಸ್ಟೋನ್‌ಹೌಸ್ ಊಟಿಯ ಮೊದಲ ಯುರೋಪಿಯನ್ ಮನೆ, ಇಂದು ಸರಕಾರಿ ಕಲಾ ಮಹಾವಿದ್ಯಾಲಯದ ಆವರಣ. ಅದನ್ನು ಸುತ್ತಲಿನ ಜನ ಕರೆದದ್ದು ‘ಕಲ್ ಬಂಗಲ’. ಅಂದು–ಇಂದಿನ ಯಾವ ಜೋಡಿಯಲ್ಲೂ ಆ ಹೆಸರು ಮೊದಲ ಸಾಲಿನಲ್ಲಿ ಬರುವುದಿಲ್ಲ. ಬಂದರೂ ‘ಸ್ಥಳೀಯರ ಪ್ರಕಾರ’ ಎಂಬ ಅಡಿಟಿಪ್ಪಣಿಯಾಗಿ. ಬೆಟ್ಟಸಾಲನ್ನೇ ಬಡಗರು ‘ನಾಕುಬೆಟ್ಟ’ ಎನ್ನುತ್ತಾರೆ. ತೊದನಾಡು, ಮೇಕುನಾಡು, ಪೊರಂಗಾಡು, ಕುಂದೆ ಎಂಬ ಅವರ ಸೀಮೆಗಳ ನಕ್ಷೆಯಲ್ಲಿ ಊಟಿ ನಡುವೆ ಇರುವ ಊರಲ್ಲ. ಆ ನಕ್ಷೆಗೆ ತನ್ನದೇ ಹೆಗ್ಗುರುತುಗಳಿವೆ: ಬೇರಗಣಿಯ ಹೆತ್ತೆಯ ಗುಡಿ, ಊರ ಮುಂದಿನ ಪಂಚಾಯ್ತಿಕಟ್ಟೆಯ ಕಲ್ಲುಗಳು, ಮೈಸೂರಿನ ಆಳ್ವಿಕೆಯ ಕಾಲದ ಮಲೆಕೋಟೆ, ಹುಲಿಕಲ್ ದುರ್ಗ. ಹೆತ್ತೆಹಬ್ಬದ ದಿನ ಸಾವಿರಾರು ಜನ ಬಿಳಿ ಬಟ್ಟೆಯಲ್ಲಿ ಸೇರುವ ಗುಡಿ ಹೆಗ್ಗುರುತಲ್ಲ, ಬೇಸಿಗೆಗೆ ಮಾತ್ರ ತೆರೆಯುತ್ತಿದ್ದ ಬಂಗಲೆ ಹೆಗ್ಗುರುತು ಎಂದರೆ ಯಾರ ಗುರುತು ಅದು?

ಇದಕ್ಕೆ ಉತ್ತರವಾಗಿ ಕೆಲವರು ಹೇಳುವುದುಂಟು: ಹಳೆಯ ಚಿತ್ರವಿಲ್ಲದ ಮೇಲೆ ಜೋಡಿ ಮಾಡುವುದಾದರೂ ಹೇಗೆ, ಇರುವ ಸಾಮಗ್ರಿಯಿಂದಲೇ ಕೆಲಸ ಮಾಡಬೇಕಲ್ಲವೆ? ಮಾತಿನಲ್ಲಿ ಹುರುಳಿದೆ. ಆದರೆ ಇರುವ ಸಾಮಗ್ರಿ ಸ್ಟುಡಿಯೋ ಚಿತ್ರಗಳಷ್ಟೇ ಅಲ್ಲ. ಇಪ್ಪತ್ತನೆಯ ಶತಮಾನದ ನಡುವಿನಿಂದ ಬಡಗ ಮನೆಗಳ ಪೆಟ್ಟಿಗೆಗಳಲ್ಲಿ ಮದುವೆಯ, ಹಬ್ಬದ, ಶವಸಂಸ್ಕಾರದ, ಹೊಸ ಹಂಚಿನ ಮನೆಯ ಮುಂದೆ ನಿಂತ ಕುಟುಂಬಗಳ ಚಿತ್ರಗಳು ಸೇರಿಕೊಂಡಿವೆ. ಅವುಗಳಲ್ಲಿ ಹಿನ್ನೆಲೆಯೇ ದಾಖಲೆ: ಹುಲ್ಲುಮಾಡು ಹಂಚಾದದ್ದು, ಹಂಚು ತಾರಸಿಯಾದದ್ದು, ಸಾಲುಮನೆಯ ನಡುವೆ ಒಂದು ಮನೆ ಮಾತ್ರ ಎರಡಂತಸ್ತಾಗಿ ಎದ್ದದ್ದು, ಗುಡ್ಡದ ಹುಲ್ಲು ಚಹಾ ಆದದ್ದು. ಇವುಗಳ ಕಾಲ ಬೇರೆ, ಕೋನ ಬೇರೆ, ಗುಣಮಟ್ಟ ಬಡವು. ಅಂದಮಾತ್ರಕ್ಕೆ ಇವನ್ನು ಜೋಡಿಗೆ ಅನರ್ಹವೆನ್ನಲಾಗದು.

ಇನ್ನೊಂದು ಹೆಗ್ಗುರುತನ್ನು ಈ ಸಂಗ್ರಹಗಳು ಮರೆತಿರುವುದು ಸಖೇದಾಶ್ಚರ್ಯ. ಸ್ವತಂತ್ರ ಭಾರತ ತನ್ನ ಫೋಟೋ ಫಿಲ್ಮನ್ನು ತಾನೇ ಮಾಡಿಕೊಳ್ಳಲೆಂದು 1960ರಲ್ಲಿ ಹಿಂದುಸ್ತಾನ್ ಫೋಟೋ ಫಿಲ್ಮ್ಸ್ ಎಂಬ ಸರಕಾರಿ ಸಂಸ್ಥೆಯನ್ನು ಊಟಿಯಲ್ಲಿ ಸ್ಥಾಪಿಸಿತು. ಧೂಳಿಲ್ಲದ ತಂಪು ಗಾಳಿ ಆ ಉದ್ಯಮಕ್ಕೆ ಬೇಕಾಗಿತ್ತು. ‘ಇಂದು’ ಎಂಬ ಹೆಸರಿನ ಆ ಫಿಲ್ಮಿನ ಸುರುಳಿಗಳು ದೇಶದ ಎಷ್ಟು ಮದುವೆಗಳನ್ನು, ಎಷ್ಟು ಊರುಗಳನ್ನು ದಾಖಲಿಸಿದವೋ. ಅಲ್ಲಿ ದುಡಿದವರಲ್ಲಿ ಸುತ್ತಣ ಹಟ್ಟಿಗಳವರೂ ಇದ್ದರು. ಕಾರ್ಖಾನೆ ಮುಚ್ಚಿದೆ, ಇಂದುನಗರವೆಂಬ ಹೆಸರು ಉಳಿದಿದೆ. ಚಂದ್ರ ಎಂಬರ್ಥದ ‘ಇಂದು’ ಕನ್ನಡ ಓದುಗನ ಕಣ್ಣಿಗೆ ‘ಈ ದಿನ’ವೂ ಆಗುವುದು ಬರಿಯ ಆಕಸ್ಮಿಕ. ಅಂದು–ಇಂದಿನ ಚಿತ್ರಗಳಿಗೆ ‘ಇಂದು’ವಿನ ಪಾಳು ಇನ್ನೂ ವಿಷಯವಾಗಿಲ್ಲ ಎಂಬುದನ್ನು ಮಾತ್ರ ಆಕಸ್ಮಿಕವೆನ್ನಲಾಗದು, ಪಾಳುಬಿದ್ದ ಕಾರ್ಖಾನೆ ಪ್ರವಾಸಿಗೆ ಸಮಾಧಾನ ಕೊಡುವುದಿಲ್ಲ.

ಬೆಟ್ಟದ ಬುಡಕ್ಕೆ ಇಳಿದರೆ ಜೋಡಿಚಿತ್ರದ ಮಿತಿ ಇನ್ನಷ್ಟು ಸ್ಪಷ್ಟವಾಗುತ್ತದೆ. ಭವಾನಿ, ಮೋಯಾರು ಹೊಳೆಗಳು ಕೂಡುವಲ್ಲಿ ಹೊಯ್ಸಳರ ದಂಡನಾಯಕರ ನೆನಪಿನ ಡಣಾಯಕನಕೋಟೆ ಇತ್ತು. ಮೈಸೂರಿನಿಂದ ಗಜಲಹಟ್ಟಿ ಕಣಿವೆ ಇಳಿದು ಬರುವ ದಾರಿಯೂ ನೀಲಗಿರಿಯನ್ನು ಹತ್ತುವ ಹಳೆಯ ದಾರಿಯೂ ಅದರ ನೆರೆಯಲ್ಲೇ ಹಾಯುತ್ತಿದ್ದವು. 1800ರಲ್ಲಿ ಫ್ರಾನ್ಸಿಸ್ ಬುಕಾನನ್ ಅಲ್ಲಿಗೆ ಬಂದು ಬೆಟ್ಟದ ಅಂಚನ್ನು ಹತ್ತಿ ನೋಡಿದ. ತಾಳವಾಡಿಯ ಕನ್ನಡ ಸೀಮೆಗೂ ಬಡಗರ ನಾಡಿಗೂ ಅದು ಹೊಸ್ತಿಲಿನಂತಿದ್ದ ಜಾಗ. 1955ರಲ್ಲಿ ಮುಗಿದ ಭವಾನಿಸಾಗರ ಅಣೆಕಟ್ಟು ಆ ಕೋಟೆಯನ್ನು ನೀರಿನಡಿಗೆ ಸೇರಿಸಿತು. ಅಲ್ಲಿ ‘ಇಂದು’ ಎಂದರೆ ಸಪಾಟಾದ ನೀರು. ಮಳೆ ಕೈಕೊಟ್ಟು ಜಲಾಶಯ ಬತ್ತಿದ ವರ್ಷಗಳಲ್ಲಿ ಮಾಧವಪೆರುಮಾಳ್ ದೇವಾಲಯದ ಕಲ್ಲುಗಳು ಕೆಸರಿನಿಂದ ಮೇಲೇಳುತ್ತವೆ. ಪತ್ರಿಕೆಗಳ ಛಾಯಾಗ್ರಾಹ���ರು ದೋಣಿಯಲ್ಲೋ ಒಣಗಿದ ಕೆಸರಿನ ಮೇಲೆ ನಡೆದೋ ಹೋಗಿ ಚಿತ್ರ ತೆಗೆಯುತ್ತಾರೆ. ಅವರ ಅಡಿಬರಹಗಳು ತಮಿಳಿನಲ್ಲಿ, ಇಂಗ್ಲಿಷಿನಲ್ಲಿ ಇರುತ್ತವೆ. ಕನ್ನಡದಲ್ಲಿ ಆ ಚಿತ್ರಗಳಿಗೆ ಇನ್ನೂ ಅಡಿಬರಹ ಬರೆಯಬೇಕಾಗಿದೆ: ಊರು, ದಂಡನಾಯಕ, ಹೊಳೆ, ನೀರು ಇಳಿದ ವರ್ಷ.